ಪರೀಕ್ಷೆಯಲ್ಲಿ ಎತ್ತಿದ ಹೆಬ್ಬೆರಳು

ಇವತ್ತು ಮಗಳು ಪುಸ್ತಕದ ಮುಂದೆ ಕೂತು, ಬೆರಳು ಮಡಚಿ ಹೆಬ್ಬೆರಳು ಎತ್ತಿದಳು. ನನಗೆ ಹೊಳಲ್ಕೆರೆಯ ಕಾಲೇಜಿನ ಭೌತಶಾಸ್ತ್ರದ ಪರೀಕ್ಷೆ ನೆನಪಾಯಿತು. ಕಾವಲಿಗಿದ್ದವರು ಚರಿತ್ರೆಯ ಮೇಷ್ಟ್ರು. ಯಾರಾದರೂ ಕೆಮ್ಮಿದರೂ ಕಾಪಿ ಎಂದೇ ಅವರ ಅನುಮಾನ.

ಮಲಗಿಸಿದ ಚಕ್ರ, ಮೇಲಿನಿಂದ ನೋಡಿದರೆ ಗಡಿಯಾರದ ಮುಳ್ಳಿಗೆ ವಿರುದ್ಧವಾಗಿ ತಿರುಗುವಾಗ ಅದರ ಕೋನೀಯ ಸಂವೇಗ ಮೇಲಕ್ಕೋ ಕೆಳಕ್ಕೋ ಎಂಬುದು ಪ್ರಶ್ನೆ. ಬಲಗೈ ಬೆರಳುಗಳನ್ನು ಚಕ್ರ ಸುತ್ತುವ ಕಡೆಗೆ ಮಡಚಿದರೆ ಹೆಬ್ಬೆರಳು ತೋರಿಸಿದ್ದೇ ಉತ್ತರ. ಪೆನ್ನು ಕೆಳಗಿಟ್ಟು ಬೆರಳು ಮಡಚುವಷ್ಟರಲ್ಲೇ ಮೇಷ್ಟ್ರು ಬಂದರು.

“ಏನಮ್ಮ, ಹಿಂದಿನೋಳಿಗೆ ಸನ್ನೆ ಮಾಡ್ತೀಯೇನು?”

“ಇಲ್ಲ ಸರ್, ಚಕ್ರದ ದಿಕ್ಕು ನೋಡ್ತಿದ್ದೆ.”

“ಚಕ್ರ ಎಲ್ಲೈತೆ?” ಮೇಷ್ಟ್ರು ಬಗ್ಗಿ ಬೆಂಚಿನ ಕೆಳಗೂ ನೋಡಿದರು. “ಬರಿಯೋ ಕೈ ಪೇಪರ್ ಬಿಟ್ಟು ಏಳ್ಬಾರ್ದು, ನೋಡು.”

ನನ್ನ ಬಲಗೈ ಮೇಲೆಯೇ ಕಣ್ಣಿಟ್ಟು ನಿಂತರು. ಬೇರೆ ದಾರಿ ಕಾಣದೆ ಎಡಗೈಯನ್ನು ಪಕ್ಕಕ್ಕೆ ಇಳಿಬಿಟ್ಟು ಮಡಚಿದೆ. ಹೆಬ್ಬೆರಳು ಕೆಳಗೆ ತೋರಿಸಿತು. ಹಾಗೇ ಬರೆದೆ. ಎಡಗೈ ದಿಕ್ಕನ್ನು ತಿರುವುಮುರುವು ಮಾಡುತ್ತದೆ ಎಂದು ಹೊಳೆದದ್ದು ಹೊರಗೆ ಬಂದ ಮೇಲೆ.

ಹಿಂದಿನ ಬೆಂಚಿನ ರಾಮಗಿರಿಯ ಹುಡುಗಿ ಓಡಿಬಂದು ನನ್ನ ಭುಜ ಹಿಡಿದಳು. “ನಿನ್ ಹೆಬ್ಬೆರಳು ನೋಡೇ ಕೆಳಗೆ ಅಂತ ಬರ್ದೆ ಕಣೇ!”

ಮಗಳು ಎತ್ತಿದ್ದು ಬಲಗೈಯೇ. ಆದರೂ ಅವಳ ಹಿಂದೆ ಯಾರಾದರೂ ಕೂತಿದ್ದಾರಾ ಎಂದು ಒಮ್ಮೆ ಬಗ್ಗಿ ನೋಡಿದೆ.