ದಸ್ತಗೀರ್ ಸಾಬರ ಬೆರಳು

ಭದ್ರಾವತಿಯಲ್ಲಿ ಕಾರಿನ ಕರೆಂಟ್ ಕೆಲಸ ಮಾಡುವ ದಸ್ತಗೀರ್ ಸಾಬರಿಗೆ ಕಿವಿ ಕೇಳಿಸದೆ ಹಲವು ವರ್ಷಗಳಾಗಿವೆ. ಅದರಿಂದ ಕೆಲಸವೇನೂ ನಿಂತಿರಲಿಲ್ಲ. ಬ್ಯಾಟರಿ ಪಕ್ಕದ ಕಪ್ಪು ಡಬ್ಬಿ ತೆರೆದು, ಒಳಗೆ ಕರೆಂಟ್ ಹಾಯಿಸುವ ಪುಟ್ಟ ಸ್ವಿಚ್ಚಾದ ರಿಲೇ ಮೇಲೆ ಬೆರಳಿಟ್ಟು, ಕೀ ತಿರುಗಿಸಲು ಹೇಳುತ್ತಿದ್ದರು. ನಮಗೆ ‘ಟಕ್’ ಎಂದು ಕೇಳಿಸುವುದು ಅವರ ಬೆರಳಿಗೆ ಸಣ್ಣ ಹೊಡೆತವಾಗಿ ತಿಳಿಯುತ್ತಿತ್ತು. ಹೊಡೆತ ಬಂತೆಂದರೆ ರಿಲೇಗೆ ಜೀವವಿದೆ.

ಹೋದ ತಿಂಗಳು ಶಿವಮೊಗ್ಗಕ್ಕೆ ವಾಪಸು ಹೊರಟಾಗ ನನ್ನ ಸಣ್ಣ ಕಾರು ಸ್ಟಾರ್ಟ್ ಆಗಲೇ ಇಲ್ಲ. ಸಾಬರನ್ನು ಕರೆತಂದೆ. ಪೆಟ್ರೋಲ್ ಎತ್ತುವ ಪಂಪಿನ ರಿಲೇ ಮುಟ್ಟಿ ನೋಡಿ “ಸತ್ತಿದೆ” ಎಂದರು. ಹೊಸದು ಹಾಕಿದರು. ಅದೂ ಸತ್ತಿದೆಯಂತೆ. ಇನ್ನೊಂದು ಹೊಸದು ಹಾಕಿದರು, ಅದಕ್ಕೂ ತಲೆಯಾಡಿಸಿದರು.

ನನಗೆ ರೇಗಿತು. ಕಾರಿಳಿದು ಅವರ ಮುಖದೆದುರೇ ಕೂಗಿದೆ: “ಮೂರೂ ಟಕ್ ಅಂದಿದ್ದು ನಂಗೆ ಒಳಗೇ ಕೇಳಿಸ್ತಲ್ರೀ ಸಾಬ್ರೇ!”

ತುಟಿ ನೋಡಿ ಮಾತು ತಿಳಿಯುವವರು ಅವರು. ಬೆರಳ ತುದಿಗಳನ್ನು ಒಂದಕ್ಕೊಂದು ತಿಕ್ಕಿ ನೋಡಿಕೊಂಡರು. ಆಮೇಲೆ ಕನ್ನಡಕ ತೆಗೆದಿಟ್ಟು, ಬಗ್ಗಿ, ರಿಲೇಗೆ ಕೆನ್ನೆ ಒತ್ತಿ, ಕೀ ತಿರುಗಿಸಿ ಎಂದು ಕೈಸನ್ನೆ ಮಾಡಿದರು. ಮತ್ತೆ ಒಳಗೆ ಕೂತು ತಿರುಗಿಸಿದೆ.

“ಹೊಡೀತು” ಎಂದು ತಲೆಯೆತ್ತಿದರು. ಕೆನ್ನೆಗೆ ಮಸಿ ಮೆತ್ತಿತ್ತು. “ಪಂಪಿನ ವೈರ್ ನೋಡೋಣ, ಬನ್ನಿ. ಸಕ್ಕರೆ ಕಾಯಿಲೆ ಬಂದ್ರೆ ಹಿಂಗಾಗುತ್ತೆ ಅಂತ ಡಾಕ್ಟ್ರು ಹೇಳಿದ್ರು, ನಾನೇ ನಂಬಿರ್ಲಿಲ್ಲ. ರಿಲೇ ಚೆನ್ನಾಗೇ ಇತ್ತು ಮಾರಾಯ್ರೆ. ಸತ್ತಿರೋದು ನನ್ ಬೆರಳು.”