ಹಬೆ ಹೇಳದ ಉಪ್ಪು

ನಾನು ಅಡಿಗೆಯವನು. ಆರನೇ ಕ್ಲಾಸು ಅರ್ಧಕ್ಕೇ ಬಿಟ್ಟು, ಉಡುಪಿ ಕಡೆ ಮದುವೆ ಉಪನಯನಗಳಿಗೆ ಅಡಿಗೆ ಮಾಡುತ್ತಿದ್ದ ಒಬ್ಬ ಹಿರಿಯ ಭಟ್ಟರ ತಂಡ ಸೇರಿದವನು. ಪಾತ್ರೆ ತಿಕ್ಕುವಲ್ಲಿಂದ ಸುರುವಾಗಿ ಸೌಟು ಕೈಗೆ ಬರುವ ಹೊತ್ತಿಗೆ ಮೀಸೆ ಬಂದಿತ್ತು. ಮುಂದೆ ಸಿಡ್ನಿಯ ರೆಸ್ಟೋರೆಂಟಿನವರೊಬ್ಬರು ವೀಸಾ ಮಾಡಿಸಿ ಕರೆಸಿಕೊಂಡರು. ಅಲ್ಲೇ ನೆಲೆಸಲು ಪಿಆರ್ ಆಯಿತು. ಸ್ಕೋಫೀಲ್ಡ್ಸ್‌ನಲ್ಲಿ ಮನೆ ಆಯಿತು. ಆಮೇಲೆ ಸ್ವಂತ ಕೇಟರಿಂಗ್. ನಾರ್ವೆಸ್ಟಿನ ಆಫೀಸುಗಳಿಗೆ ಮಧ್ಯಾಹ್ನದ ಡಬ್ಬಿ, ವಾರದ ಕೊನೆಗೆ ಗೃಹಪ್ರವೇಶವೋ ಸತ್ಯನಾರಾಯಣ ಪೂಜೆಯೋ. ಯಾರ ಮುಂದೆಯೂ ಕೈ ಒಡ್ಡಿದವನಲ್ಲ. ಸಿಡ್ನಿಯ ಕನ್ನಡದವರು ಗಣೇಶನ ಹಬ್ಬಕ್ಕೆ ಹಾಲ್ ಬುಕ್ ಮಾಡುವ ಮೊದಲು ನನಗೆ ಫೋನ್ ಮಾಡುತ್ತಿದ್ದರು. ನಾನು ಸಿಗುವ ದಿನ ನೋಡಿಕೊಂಡು ಉಳಿದ ಏರ್ಪಾಡು. ಇದನ್ನು ಬರೆಯುವಾಗ ಜಂಬ ಎನ್ನಿಸಿದರೆ ಎನ್ನಿಸಲಿ. ಅದು ನಿಜ.

ಹಿರಿಯ ಭಟ್ಟರು ಕಲಿಸಿದ ಮೊದಲ ಪಾಠ, ಒಲೆಯ ಮೇಲಿರುವುದು ನಾಲಿಗೆಗೆ ತಾಗಬಾರದು ಎನ್ನುವುದು. ದೇವರಿಗೆ ನೈವೇದ್ಯ ಆಗುವ ಮೊದಲು ರುಚಿ ನೋಡಿದರೆ ಅದು ಎಂಜಲು. ಹಂಡೆಯ ಮೇಲೆ ಬಗ್ಗಿ ಮೂಸುವ ಹಾಗೂ ಇಲ್ಲ. "ಹಬೆ ತಾನಾಗಿ ಮೂಗಿಗೆ ಬಂದ್ರೆ ಅದು ನಿನ್ನ ತಪ್ಪಲ್ಲ ಮಾರಾಯ. ದೂರ ನಿಂತು ತಿಳ್ಕೊ," ಎನ್ನುತ್ತಿದ್ದರು. ಉಪ್ಪು ಬಿದ್ದ ಹುಳಿಯ ಹಬೆಯೇ ಬೇರೆ, ಬೀಳದ ಹುಳಿಯದೇ ಬೇರೆ. ನಂಬದವರು ನಂಬುವುದು ಬೇಡ. ಸಾವಿರ ಜನರ ಹುಳಿಗೆ ನಾನು ಕೈಯಲ್ಲಿ ಉಪ್ಪು ಎಸೆದು, ಎರಡು ಹೆಜ್ಜೆ ಹಿಂದೆ ನಿಂತು, "ಇಳಿಸಿ" ಎಂದು ಹೇಳಿದ್ದೇನೆ. ಒಮ್ಮೆಯೂ ನಾಲಿಗೆಗೆ ಹಾಕಿ ನೋಡಿದವನಲ್ಲ. ಡಬ್ಬಿ ಊಟಕ್ಕೂ ಅದೇ ರೂಢಿ.

ಕೋವಿಡ್ ಬಂದು ಹೋದ ಮೇಲೆ ಮೂಗು ಸತ್ತಿತು. ಮೊದಲು ನೆಗಡಿ ಅಂದುಕೊಂಡೆ. ಬೇಸಗೆ ಹೋಗಿ ಚಳಿ ಬಂದರೂ ಕಾಫಿ ಬಿಸಿನೀರೇ, ತುಪ್ಪ ಎಣ್ಣೆಯೇ. ಡಾಕ್ಟರು ಮೂಗಿನೊಳಗೆ ಲೈಟು ಬಿಟ್ಟು ನೋಡಿ, ಕೆಲವರಿಗೆ ವಾಪಸ್ ಬರುತ್ತದೆ, ಕೆಲವರಿಗೆ ಇಲ್ಲ ಎಂದರು. ನಾನು ಯಾರಿಗೂ ಹೇಳಲಿಲ್ಲ. ಕೈಗೆ ಅಭ್ಯಾಸ ಇತ್ತಲ್ಲ, ಕಣ್ಣಿತ್ತು, ಸಾಸಿವೆ ಸಿಡಿಯುವ ಸದ್ದು ಕೇಳುವ ಕಿವಿ ಇತ್ತು. ಅಷ್ಟರಲ್ಲೇ ನಡೆಸಿದೆ. ಒಂದು ಗೃಹಪ್ರವೇಶದಲ್ಲಿ ಸಾರಿಗೆ ಎರಡು ಸಲ ಉಪ್ಪು ಬಿತ್ತು. ಜನ ನೀರು ಕುಡಿಯುತ್ತಾ ಉಂಡರು. ಬಡಿಸುವವರದು ತಪ್ಪು ಎಂಬ ಹಾಗೆ ನಾನು ಆ ಕಡೆ ನೋಡಿದೆ. ಹೆಂಡತಿ ಏನೂ ಕೇಳಲಿಲ್ಲ. ಆವತ್ತಿನಿಂದ ನಾನು ಅಡಿಗೆ ಮಾಡುವಾಗ ಏನಾದರೊಂದು ನೆಪ ಮಾಡಿಕೊಂಡು ಪಕ್ಕದಲ್ಲೇ ಸುಳಿದಾಡುತ್ತಿದ್ದಳು.

ನನಗೆ ಅರವತ್ತು ತುಂಬಿದ ವರ್ಷ, ಗಣೇಶನ ಹಬ್ಬಕ್ಕೆ ಇನ್ನೂ ಸ್ವಲ್ಪ ದಿನ ಇರುವಾಗ, ಮೆಲ್ಬರ್ನಿನಲ್ಲಿರುವ ಮಗಳು ಫೋನ್ ಮಾಡಿದಳು.

"ಅಪ್ಪ, ನಿನ್ ಬರ್ತ್‌ಡೇ ಗಿಫ್ಟ್ ಬುಕ್ ಮಾಡಿದೀನಿ. ವಿಯೆಟ್ನಾಮೀಸ್ ಕುಕಿಂಗ್ ಕ್ಲಾಸು. ಬೋಟ್ ರೈಡ್ ಕೂಡ ಇದೆ. ಫ್ಲೈಟ್ ಟಿಕೆಟ್ ಕಳಿಸ್ತೀನಿ, ಬರ್ತೀಯ ಅಷ್ಟೆ."

"ನನಗೆ ಅಡಿಗೆ ಕಲಿಸ್ಲಿಕ್ಕೆ ಹೊರಟಿದ್ದೀಯಾ ನೀನು? ಅವರದ್ದೆಲ್ಲ ಮೀನು ಮಾರಾಯ್ತಿ."

"ವೆಜಿಟೇರಿಯನ್ ಬ್ಯಾಚ್ ಅಪ್ಪ. ನಿನ್ ಜುಟ್ಟಿಗೆ ಏನೂ ಆಗಲ್ಲ."

ನನಗೆ ಜುಟ್ಟಿಲ್ಲ. ಅದು ಅವಳು ಚಿಕ್ಕವಳಿದ್ದಾಗಿನಿಂದ ಮಾಡುವ ತಮಾಷೆ. ಹೋದೆ.

ಫುಟ್ಸ್‌ಕ್ರೇ ಎಂಬ ಸಬರ್ಬಿನಲ್ಲಿ, ನದಿಯ ಪಕ್ಕ, ಒಂದು ಹಳೆಯ ಶೆಡ್ಡನ್ನೇ ಅಡಿಗೆಮನೆ ಮಾಡಿಕೊಂಡಿದ್ದರು. ಕಲಿಸುವವರು ನಲವತ್ತರ ಆಸುಪಾಸಿನ ವಿಯೆಟ್ನಾಮಿ ಹೆಂಗಸು. ಇಂಗ್ಲಿಷಿನಲ್ಲಿ ಪಟಪಟ ಮಾತು. ಮೊದಲು ಬುಟ್ಟಿದೋಣಿಯಲ್ಲಿ ಕೂತು ನದಿಯ ಮೇಲೆ ಹೋಗಿ, ಆಚೆ ದಡದ ತೋಟದಲ್ಲಿ ಸೊಪ್ಪು ಕೊಯ್ದು, ವಾಪಸ್ ಬಂದು ಅಡಿಗೆ. ಅದು ಕ್ರಮ. ದೋಣಿ ನಡೆಸುವವರು ಆಕೆಯ ತಂದೆ ಮತ್ತು ಚಿಕ್ಕಪ್ಪ. ತಂದೆಗೆ ಇಂಗ್ಲಿಷ್ ಬಾರದು. ಕೈಸನ್ನೆಯೇ ಎಲ್ಲ.

ದೋಣಿ ನಮ್ಮ ಹಂಪಿ ಕಡೆಯ ಹರಿಗೋಲಿನ ಹಾಗೆ, ಬಿದಿರು ಹೆಣೆದ ದೊಡ್ಡ ಗುಂಡನೆಯ ಬುಟ್ಟಿ. ನಾನು, ಮಗಳು, ಆ ಮುದುಕ ತಂದೆ ಒಂದರಲ್ಲಿ. ಉಳಿದವರು ಬೇರೆ ಬುಟ್ಟಿಗಳಲ್ಲಿ. ನೀರು ಮಣ್ಣಿನ ಬಣ್ಣ. ದೂರದಲ್ಲಿ ಬಂದರಿನ ಕ್ರೇನುಗಳು. ಮುದುಕರು ಬುಟ್ಟಿಯ ಒಳಮೈಗೆ ಬಳಿದಿದ್ದ ಕಪ್ಪು ಪದರವನ್ನು ತಟ್ಟಿ, ಮೂಗು ತೋರಿಸಿ, ಮೂಸಿ ನೋಡಿ ಎಂದು ಸನ್ನೆ ಮಾಡಿದರು. ಮಗಳು ಬಗ್ಗಿ ಮೂಸಿ ಮುಖ ಕಿವಿಚಿದಳು. ನಾನೂ ಬಗ್ಗಿದೆ, ನಾನೂ ಕಿವಿಚಿದೆ. ಇಷ್ಟು ದಿನದಲ್ಲಿ ಆ ವಿದ್ಯೆ ನನಗೆ ಚೆನ್ನಾಗಿ ಬಂದಿತ್ತು. ಯಾರಾದರೂ ಆಹಾ ಎಂದರೆ ಆಹಾ, ಥೂ ಎಂದರೆ ಥೂ. ಸೆಗಣಿ ಮತ್ತು ಮರದ ಅಂಟು ಕಲಸಿ ಬಳಿಯುತ್ತಾರೆ, ನೀರು ಒಳಗೆ ಬಾರದ ಹಾಗೆ, ಎಂದು ಟೀಚರು ಪಕ್ಕದ ಬುಟ್ಟಿಯಿಂದ ಕೂಗಿ ಹೇಳಿದರು. ಸೆಗಣಿ ಸಾರಿಸಿದ ಅಂಗಳದಲ್ಲಿ ಬೆಳೆದವನು ನಾನು. ಸೆಗಣಿಗೆ ಮುಖ ಕಿವಿಚಿ ಕೂತಿದ್ದೆ. ಮಗಳು ನನ್ನನ್ನೇ ನೋಡುತ್ತಿದ್ದಳು.

ತೋಟದಲ್ಲಿ ಟೀಚರು ಒಂದೊಂದೇ ಎಲೆ ಕಿವುಚಿ ಕೈಗೆ ಕೊಡುತ್ತಾ ಹೋದರು. ಪುದೀನ ಗೊತ್ತಾಯಿತು, ಎಲೆ ನೋಡಿ. ಲೆಮನ್‌ಗ್ರಾಸೂ ನೋಡಿಯೇ ಗೊತ್ತಾಯಿತು. ಆಮೇಲೆ ಹೃದಯದಾಕಾರದ ಒಂದು ಎಲೆ, ನಮ್ಮ ವೀಳ್ಯದೆಲೆಯ ಮರಿಯ ಹಾಗೆ. ಹಿರಿಯ ಅಡಿಗೆಯವರು, ಮೊದಲು ನೀವೇ ಹೇಳಿ ಎಂದು ಟೀಚರು ನನ್ನ ಕೈಗೇ ಮೊದಲು ಕೊಟ್ಟರು. ಯಾರ ಮುಖವೂ ನನಗೆ ಸಹಾಯಕ್ಕಿರಲಿಲ್ಲ. ಮೂಗಿನ ಹತ್ತಿರ ಹಿಡಿದು, ಕಣ್ಣು ಮುಚ್ಚಿ, ಉಸಿರು ಎಳೆದು ಹೇಳಿದೆ: "ವೆರಿ ನೈಸ್. ಲೈಕ್ ಅವರ್ ಕೊತ್ತಂಬರಿ."

ಟೀಚರು ನಕ್ಕರು. ಎಲೆ ಪಕ್ಕದಲ್ಲಿದ್ದ ಒಬ್ಬ ಹುಡುಗಿಯ ಕೈಗೆ ಹೋಯಿತು. ಆ ಹುಡುಗಿ ಎರಡು ಹೆಜ್ಜೆ ಹಿಂದೆ ಹಾರಿದಳು. ಅವಳ ಗಂಡ ಕೆಮ್ಮಿದ. ಎಲ್ಲರೂ ನಗುತ್ತಾ ಮೂಗು ಮುಚ್ಚಿಕೊಳ್ಳುತ್ತಿದ್ದರು. ಅದು ಹಸಿ ಮೀನಿನ ವಾಸನೆಯ ಎಲೆಯಂತೆ. ಮೀನು ಮಾರ್ಕೆಟ್ಟಿನ ಎದುರು ಬಸ್ಸು ನಿಂತರೆ ಹೆಗಲ ಮೇಲಿನ ಬೈರಾಸನ್ನು ಮೂಗಿಗೆ ಒತ್ತಿಕೊಳ್ಳುತ್ತಿದ್ದವನು ನಾನು. ಮಗಳಿಗೆ ಅದು ಗೊತ್ತು.

ವಾಪಸ್ ಬರುವಾಗ ಅವಳು ನನ್ನ ಎದುರಿಗೆ ಕೂತಳು. ಮುದುಕರು ಖುಷಿಪಡಿಸಲೆಂದು ಬುಟ್ಟಿಯನ್ನು ಗಿರಗಿರ ತಿರುಗಿಸಿದರು. ಒಮ್ಮೆ ಕ್ರೇನು, ಒಮ್ಮೆ ದಡ, ನಡುವೆ ಅವಳ ಮುಖ ಮಾತ್ರ ಅಲ್ಲಾಡದೆ.

"ಎಷ್ಟು ದಿನ ಆಯ್ತಪ್ಪ?"

"ಏನು?"

"ಹೋದ ದೀಪಾವಳಿಗೆ ನೀನು ಬಂದಾಗ ನಮ್ಮನೇಲಿ ಗ್ಯಾಸ್ ಲೀಕ್ ಆಗ್ತಿತ್ತು. ಸ್ಟೋವ್ ಪಕ್ಕದಲ್ಲೇ ಕೂತು ನೀನು ಫೋನ್ ನೋಡ್ತಿದ್ದೆ. ನಾನು ಮೇಲಿಂದ ಓಡಿಬಂದು ಆಫ್ ಮಾಡಿದೆ. ನೀನು ತಲೆ ಕೂಡ ಎತ್ತಲಿಲ್ಲ."

ನಾನು ನೀರು ನೋಡಿದೆ.

"ಅಮ್ಮಂಗೆ ಗೊತ್ತಾ?"

"ನಿನ್ನ ಅಮ್ಮ ಕೇಳಲಿಲ್ಲ. ನಾನು ಹೇಳಲಿಲ್ಲ."

"ಒಳ್ಳೆ ಗಂಡ ಹೆಂಡತಿ!" ಎಂದಳು. ಬೈದದ್ದೋ ಅತ್ತದ್ದೋ ತಿಳಿಯಲಿಲ್ಲ. "ಈ ಕ್ಲಾಸ್ ಯಾಕೆ ಬುಕ್ ಮಾಡಿದೆ ಗೊತ್ತಾ? ಇವರು ಪ್ರತಿ ಸ್ಟೆಪ್ಪಿಗೂ ಟೇಸ್ಟ್ ಮಾಡಿ ಮಾಡಿ ಅಡಿಗೆ ಮಾಡ್ತಾರೆ. ನಿನಗೆ ನಾಲಿಗೆ ಇದೆಯಲ್ಲಪ್ಪ. ಅದ್ರಲ್ಲಿ ಮಾಡು."

ಮುದುಕರು ನಮ್ಮಿಬ್ಬರನ್ನೂ ನೋಡಿ ಬುಟ್ಟಿ ತಿರುಗಿಸುವುದನ್ನು ನಿಲ್ಲಿಸಿದರು. ಮೆಲ್ಲಗೆ ದಡಕ್ಕೆ ತಂದರು.

ಅಡಿಗೆಮನೆಯಲ್ಲಿ ಅಕ್ಕಿಯ ತೆಳು ಹಾಳೆಯಲ್ಲಿ ಸೊಪ್ಪು ಸುತ್ತುವ ತಿಂಡಿ, ಅದ್ದಿಕೊಳ್ಳಲು ನಿಂಬೆರಸ, ಸಕ್ಕರೆ, ಸೋಯಾ ಸಾಸು, ಹಸಿಮೆಣಸಿನ ಒಂದು ನೀರುಚಟ್ನಿ. ಇದಕ್ಕೆ ಅಳತೆ ಇಲ್ಲ, ನಾಲಿಗೆಯೇ ಅಳತೆ ಎಂದು ಟೀಚರು ನನ್ನ ಕೈಗೆ ಚಮಚ ಕೊಟ್ಟರು. ನಾನು ಹಿಡಿದು ನಿಂತೆ. ಕಲಸಿ ಮುಗಿಯದ್ದನ್ನು ಬಾಯಿಗೆ ಹಾಕಲು ಕೈಯೇ ಏಳಲಿಲ್ಲ. ಮಗಳು ಮೊಣಕೈ ತಟ್ಟಿದಳು. ಬಾಯಿಗೆ ಹಾಕಿದೆ.

ಹುಳಿ ಇತ್ತು. ಸಿಹಿ ಇತ್ತು. ಉಪ್ಪು ಕಡಿಮೆ. ಖಾರ ಮೆಲ್ಲಗೆ ನಾಲಿಗೆಯ ಬದಿಯಿಂದ ಎದ್ದಿತು. ಅಷ್ಟು ಮಾತ್ರ, ಆದರೆ ಅಷ್ಟು ಸ್ಪಷ್ಟವಾಗಿ. ಇನ್ನು ಸ್ವಲ್ಪ ಸೋಯಾ ಹಾಕಿದೆ. ಮತ್ತೆ ನೋಡಿದೆ. ಟೀಚರು ರುಚಿ ನೋಡಿ ಹೆಬ್ಬೆರಳು ಎತ್ತಿದರು.

"ನೋಡಿದ್ಯಾ?" ಎಂದಳು ಮಗಳು. ಅವಳ ಕಣ್ಣಲ್ಲಿ ನೀರಿತ್ತು. "ಎಲ್ಲ ಸರಿಹೋಗತ್ತೆ ಅಪ್ಪ."

"ಡಬ್ಬಿಗೆ ಸರಿ. ಗಣಪತಿಗೆ ಎಂತ ಮಾಡ್ಲಿ? ಎಂಜಲು ಇಡ್ಲಾ?"

"ದೇವರು ಅಡ್ಜಸ್ಟ್ ಮಾಡ್ಕೊಳ್ತಾನೆ ಬಿಡು."

ಅವಳ ಲೋಕದಲ್ಲಿ ಮಾಡಿಕೊಳ್ಳುತ್ತಾನೋ ಏನೋ. ನಾನು ಸೌಟು ಹಿಡಿದದ್ದೇ ಹಿರಿಯ ಭಟ್ಟರ ಆ ಒಂದು ಮಾತಿನ ಮೇಲೆ. ಬೇರೆ ಏನು ವಿದ್ಯೆ ಇತ್ತು ನನಗೆ? ತಿಂಡಿ ತಿಂದೆವು. ಎಲೆಗಳು ಬಾಯಲ್ಲಿ ಹುಲ್ಲಾದವು.

ಸಿಡ್ನಿಗೆ ಬಂದ ಮೇಲೂ ಹಬ್ಬದ ಅಡಿಗೆ ಬಿಡುವ ಮನಸ್ಸಾಗಲಿಲ್ಲ. ಒಂದು ಪರೀಕ್ಷೆ ಮಾಡೋಣ ಎಂದು ಬೆಳಿಗ್ಗೆ ಹಾಲುಪಾಯಸಕ್ಕೆ ಇಟ್ಟೆ, ನಾಲಿಗೆಗೆ ಹಾಕದೆ, ಹಳೆಯ ಕ್ರಮದಲ್ಲೇ. ಹಾಲು ಬಣ್ಣ ತಿರುಗುತ್ತಿತ್ತು, ಗುಳ್ಳೆ ಸಣ್ಣದಾಗುತ್ತಿತ್ತು. ಎಲ್ಲ ಸರಿ ಇದೆ ಎಂದೇ ತಿರುವುತ್ತಾ ನಿಂತಿದ್ದೆ. ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದ ಹೆಂಡತಿ ಕೈಯಲ್ಲಿ ಒದ್ದೆ ಬಟ್ಟೆ ಹಿಡಿದೇ ಓಡಿಬಂದಳು.

"ಎಂತ ಮಾರಾಯ್ರೆ ಇದು! ಅಡಿ ಹಿಡಿದು ಬೀದಿಯೆಲ್ಲ ನಾರ್ತಾ ಉಂಟು!"

ಹೇಳಿಬಿಟ್ಟು ಬಾಯಿ ಮುಚ್ಚಿಕೊಂಡಳು. ಒಲೆ ಆರಿಸಿದಳು. ನಾನು ಅಲ್ಲೇ ಸ್ಟೂಲಿನ ಮೇಲೆ ಕೂತೆ.

"ನಿನಗೆ ಯಾವಾಗ ಗೊತ್ತಾಯ್ತು?"

"ಆ ಸಾರಿನ ದಿನವೇ," ಎಂದಳು. "ನೀವಾಗಿ ಹೇಳ್ತೀರಿ ಅಂತ ಇದ್ದೆ." ಆಮೇಲೆ, ಪಾತ್ರೆಗೆ ನೀರು ಬಿಡುತ್ತಾ, "ಹಬ್ಬಕ್ಕೆ ನಾನು ಪಕ್ಕದಲ್ಲಿ ನಿಲ್ತೇನೆ. ವಾಸನೆ ನೋಡಿ ಹೇಳ್ತೇನೆ. ಯಾರಿಗೆ ಗೊತ್ತಾಗ್ತದೆ?"

ನನಗೆ ಗೊತ್ತಾಗುತ್ತದೆ ಎಂದೆ.

ಹಬ್ಬದ ಏರ್ಪಾಡು ನೋಡಿಕೊಳ್ಳುತ್ತಿದ್ದವರು ಎಪ್ಪಿಂಗ್‌ನ ಒಬ್ಬ ಐಟಿಯವರು. ಅವರಿಗೆ ಫೋನ್ ಮಾಡಿದೆ.

"ಏನ್ ಭಟ್ರೇ, ಮೆನು ಫೈನಲ್ಲಾ?"

"ಈ ಸಲ ನನ್ನ ಕೈಲಿ ಆಗುವುದಿಲ್ಲ. ಮೂಗು ಹೋಗಿದೆ. ವಾಸನೆ ತಿಳಿಯುವುದಿಲ್ಲ."

ಅಯ್ಯೋ, ಹಾಗನ್ನಬೇಡಿ, ನೀವಿಲ್ಲದೆ ಹಬ್ಬ ಹೇಗೆ ಎನ್ನುತ್ತಾರೆ ಎಂದು ಕಾದೆ. ಹೇಗೆ ಬೇಡ ಎನ್ನುವುದು ಎಂದು ಮಾತೂ ಜೋಡಿಸಿಕೊಂಡಿದ್ದೆ.

"ಓಹ್, ಸಾರಿ ಟು ಹಿಯರ್ ಭಟ್ರೇ. ಹೆಲ್ತ್ ಫಸ್ಟು. ಬ್ಲ್ಯಾಕ್‌ಟೌನ್ ಕಡೆ ಇನ್ನೊಬ್ರು ಇದಾರೆ, ಅವ್ರಿಗೆ ಹೇಳ್ತೀನಿ. ಬಡಿಸೋಕೆ ಬರ್ತೀರಲ್ಲ?"

ಬರುತ್ತೇನೆ ಎಂದೆ.

ಈಗ ಡಬ್ಬಿ ಊಟ ಮಾತ್ರ ಮಾಡುತ್ತೇನೆ, ಚಮಚ ಹಿಡಿದು, ನಾಲಿಗೆಗೆ ಹಾಕಿ. ಉಪ್ಪು ತಪ್ಪುವುದಿಲ್ಲ. ಒಗ್ಗರಣೆಯ ಹೊತ್ತಿಗೆ ಹೆಂಡತಿ ಬಂದು ನಿಲ್ಲುತ್ತಾಳೆ. ಹಿಂಗಿನ ಡಬ್ಬಿಯ ಮುಚ್ಚಳವನ್ನು ನಾನು ತೆರೆಯುವುದಿಲ್ಲ, ಅವಳೇ ತೆರೆಯುತ್ತಾಳೆ.

ಹಬ್ಬದ ದಿನ ಹಾಲ್‌ನ ಅಡಿಗೆಮನೆಯ ಒಳಗೆ ನಾನು ಹೋಗಲಿಲ್ಲ. ಮಂಗಳಾರತಿ ಆಗಿ ಪಂಕ್ತಿ ಕೂತಿತು. ಹುಳಿಯ ಬಕೆಟ್ಟು ಹಿಡಿದು ಸಾಲಿನಲ್ಲಿ ಬಂದೆ. ನನ್ನ ಅಡಿಗೆಯನ್ನು ವರ್ಷಗಳಿಂದ ಉಂಡ ಒಬ್ಬರು ಎರಡು ತುತ್ತು ಉಂಡು ತಲೆ ಎತ್ತಿದರು.

"ಭಟ್ರೇ, ಹುಳಿ ಸೂಪರ್! ನಿಮ್ ಕೈರುಚಿ ಮುಂದೆ ಯಾವುದೂ ಇಲ್ಲ ಬಿಡಿ."

"ನಾನು ಮಾಡಿದ್ದಲ್ಲ ಇದು."

"ಅಯ್ಯೋ ಸಾಕು ಬಿಡಿ, ಒಂದ್ ತುತ್ತಿಗೇ ಗೊತ್ತಾಗಲ್ವಾ ನಮಗೆ?" ಎಂದು ಪಕ್ಕದವರ ಕಡೆ ತಿರುಗಿ ಕಣ್ಣು ಹೊಡೆದರು. "ಇನ್ನೊಂದ್ ಸೌಟ್ ಹಾಕಿ."

ಹಾಕಿದೆ. ಬಕೆಟ್ಟಿನಿಂದ ಹಬೆ ಎದ್ದು ಮುಖಕ್ಕೆ ತಾಗಿತು. ಬಿಸಿ ಇತ್ತು, ಒದ್ದೆ ಇತ್ತು. ಮುಂದಿನ ಎಲೆಗೆ ಹೋದೆ.