ಮರೋತ್ತಾ ಅಮ್ಮನ ಉಸಿರು

ಇಟಲಿಯ ಬೆನೆವೆಂತೋ ಬಳಿಯ ಕ್ರೈಸ್ತ ಮಠದಲ್ಲಿ ಹಾಡು ಕಲಿಸುತ್ತಿದ್ದ ಮರೋತ್ತಾ ಅಮ್ಮ ಗಾಳಿಯಲ್ಲಿ ಕೈ ಏರಿಸಿದರೆ ಸನ್ಯಾಸಿನಿಯರ ದನಿ ಏರುತ್ತಿತ್ತು, ಇಳಿಸಿದರೆ ಇಳಿಯುತ್ತಿತ್ತು. ಅವರು ನೊಣ ಓಡಿಸಿದರೂ ಯಾರಾದರೊಬ್ಬಳು ಹಾಡಿಬಿಡುತ್ತಿದ್ದಳು. ಕುರಿಚರ್ಮದ ಹಾಳೆಯ ಮೇಲೆ ಗೆರೆ ಎಳೆದು ಸ್ವರ ಬರೆಯುವ ಹೊಸ ಪದ್ಧತಿ ಬಂದಾಗ, "ಕುರಿಚರ್ಮ ನೋಡ್ಕೊಂಡು ಹಾಡಿದ್ರೆ ಕುರಿ ಥರಾನೇ ಕೇಳ್ಸುತ್ತೆ ಕಣೇ," ಎಂದು, ಹಾಗೆ ಬರೆಯುತ್ತಿದ್ದ ಸನ್ಯಾಸಿನಿ ಜೆಮ್ಮಾಳನ್ನು ಚುಚ್ಚುತ್ತಿದ್ದರು. ಆದರೂ ತಮ್ಮ ದನಿ ಕುಗ್ಗತೊಡಗಿದಾಗ ತಾವೇ ಅವಳ ಬಳಿ ಹೋಗಿ ಕೂತು, ಹಾಡಿ ಹಾಡಿ ಬರೆಸಿದರು. ಈಸ್ಟರ್ ಹಾಡಿನ ನಡುವೆ ಸುಮ್ಮನಾದರು. "ಮರೆತ್ರಾ ಅಮ್ಮಾ?" "ಇಲ್ವೇ. ನಂಗೆ ಕಲಿಸಿದೋರಿಗೆ ಉಬ್ಬಸ, ಇಲ್ಲಿ ಉಸಿರು ತಗೋತಿದ್ರು. ಅದನ್ನೂ ಬರಿ." "ಅದಕ್ಕೆ ಗುರುತೇ ಇಲ್ವಲ್ಲ." ಅಮ್ಮ ತಲೆಯಾಡಿಸಿ ಮುಂದುವರಿದರು. ಅವರು ತೀರಿಕೊಂಡು ಎಷ್ಟೋ ಈಸ್ಟರ್ ಕಳೆದಿವೆ. ಪುಟದಲ್ಲಿ ಸ್ವರಗಳು ಒತ್ತೊತ್ತಾಗಿಯೇ ಇವೆ. ಆದರೆ ಆ ಜಾಗ ಬಂದಾಗ, ಈಗ ಹಾಡಿಸುವ ಜೆಮ್ಮಾಳ ಕೈ ಗಾಳಿಯಲ್ಲಿ ನಿಲ್ಲುತ್ತದೆ, ಮಠವೆಲ್ಲ ಉಸಿರು ತೆಗೆದುಕೊಳ್ಳುತ್ತದೆ.